ಅಡ್ಡಗೋಡೆಯ ಮೇಲಿನ ಹಗಲು ದೀಪ

ನನ್ನ ಅತ್ತೆ ಸಂಕಮ್ಮನವರು ಮನೆಯ ಬೀಗದ ಕೈಗಳನ್ನು ನನಗೆ ಒಪ್ಪಿಸಿದ್ದು ಮದುವೆಯಾದ ಹನ್ನೊಂದನೆಯ ವರ್ಷ. ಮನೆಯ ಕಥೆಯನ್ನು ಒಪ್ಪಿಸಿದ್ದು ಮಾತ್ರ ಹನ್ನೊಂದನೆಯ ದಿನ. ಅಡುಗೆಮನೆಯಲ್ಲಿ ಎದುರಿಗೆ ಕೂರಿಸಿಕೊಂಡು, ಮೊರದಲ್ಲಿದ್ದ ಅಕ್ಕಿಯ ಕಲ್ಲು ಆರಿಸುತ್ತ ಒಂದು ಸಲ ಹೇಳಿದರು. ಆಮೇಲೆ ನನ್ನ ಬಾಯಿಂದ ಮೂರು ಸಲ ಹೇಳಿಸಿದರು. ನಾನು ಹೊಳೆಯಾಚೆಯ ಕಾಲೇಜಿನಲ್ಲಿ ಚರಿತ್ರೆ ಓದಿ ಬಿ.ಎ. ಮಾಡಿ ಬಂದವಳು. ಎರಡನೆಯ ಸಲ ಹೇಳುವಾಗ, ಹೊಸ ಸೊಸೆಯ ಉತ್ಸಾಹದಲ್ಲಿ, ಕಥೆಯನ್ನು ಸ್ವಲ್ಪ ತಿದ್ದಿ ತೀಡಿ ಹೇಳಿದೆ. ಅವರು ಮೊರವನ್ನು ಕೆಳಗಿಟ್ಟರು. "ಚೆಂದ ಮಾಡ್ಬೇಡ ತುಂಗಾ. ಆದದ್ದನ್ನ ಆದ ಹಾಗೇ ಹೇಳು. ಚೆಂದ ಮಾಡಿದ್ರೆ ಅದು ಮತ್ತೆ ಬರುತ್ತೆ" ಎಂದರು. ಗದರಿಸಿದ ದನಿಯಲ್ಲ ಅದು. ಹೆದರಿದವರ ದನಿ.

ನಮ್ಮ ಊರಿನಲ್ಲಿ ಒಂದೊಂದು ಮನೆಯಲ್ಲೂ ಒಂದೊಂದು ಮಾತಿನ ಮೂಲ ಇದೆ. ಹೊರಗಿನವರು ದಿನಕ್ಕೆ ಹತ್ತು ಸಲ ಆಡಿ ಮರೆತುಬಿಡುವ ಮಾತುಗಳು. ಹೊಟ್ಟೆಗೆ ತಣ್ಣೀರು ಬಟ್ಟೆ ಎನ್ನುತ್ತಾರಲ್ಲ, ಅದು ಕುಂಬಾರ ಬೀದಿಯ ಕೊನೆಯ ಮನೆಯವರದು. ಬರಗಾಲದಲ್ಲಿ ಏಳು ಮಕ್ಕಳನ್ನು ಸಾಲಾಗಿ ಮಲಗಿಸಿ, ಅವುಗಳ ಹೊಟ್ಟೆಯ ಮೇಲೆ ಒದ್ದೆ ಬಟ್ಟೆ ಹಾಸಿದ ತಾಯಿ ಆ ಮನೆಯಾಕೆ. ಗಾಳಿಗೆ ತೂರುವುದು ಕಣದ ಮನೆಯವರದು. ತಿಪ್ಪೆ ಸಾರಿಸುವ ಮಾತಿನ ಮೂಲವಿರುವ ಮನೆಯವರು ಸಂಕೋಚದ ಜನ. ತಮ್ಮ ದಿನ ಬಂದಾಗ ತಲೆ ತಗ್ಗಿಸಿ ಬೇಗ ಬೇಗ ಹೇಳಿ ಮುಗಿಸುತ್ತಾರೆ. ಯಾರೂ ನಗುವುದಿಲ್ಲ. ಪ್ರತಿ ಮನೆಗೂ ವರ್ಷಕ್ಕೆ ಒಂದು ಮಧ್ಯಾಹ್ನ ಗೊತ್ತಾಗಿದೆ. ಅಂದು ಊರಿಗೆ ಸಾರುವ ರಾಚಪ್ಪ ಕಂಚಿನ ತಟ್ಟೆ ಬಡಿಯುತ್ತ ಬೀದಿ ಸುತ್ತುತ್ತಾನೆ. ಜನ ತಮ್ಮ ತಮ್ಮ ಚಾಪೆ ಹಿಡಿದು ಆ ಮನೆಯ ಅಂಗಳಕ್ಕೆ ಬರುತ್ತಾರೆ. ಮನೆಯವರು ಮೂಲ ಹೇಳುತ್ತಾರೆ. ಹೇಳಿ ಮುಗಿದ ಮೇಲೆ, ಆ ಕಥೆಯಲ್ಲಿ ನೋವು ತಿಂದವರ ವಂಶದವರೊಬ್ಬರು ಎದ್ದು ನಿಂತು, "ಹೌದು, ಹಾಗೇ ಆಯ್ತು" ಎನ್ನಬೇಕು. ಆಮೇಲೆ ಎಲ್ಲರಿಗೂ ಮಂಡಕ್ಕಿ, ಹುರಿಗಡಲೆ, ಒಂದು ತುಂಡು ಬೆಲ್ಲ.

ನಾನು ಈ ಊರಿಗೆ ಬಂದ ಎರಡನೆಯ ವರ್ಷ, ತಣ್ಣೀರು ಬಟ್ಟೆಯ ಮನೆಯ ಮುದುಕರು ಏಳು ಮಕ್ಕಳಲ್ಲಿ ಒಂದರ ಹೆಸರು ಮರೆತು ಆರೇ ಹೆಸರು ಹೇಳಿದರು. ಒಂಬತ್ತು ದಿನ ಊರಿನಲ್ಲಿ ಯಾರಿಗೂ ಉಂಡದ್ದು ಹೊಟ್ಟೆಗೆ ಹತ್ತಲಿಲ್ಲ. ಕೈ ತೊಳೆಯಲು ಏಳುವಷ್ಟರಲ್ಲಿ ಮತ್ತೆ ಹಸಿವು. ಮಲಗಿದ ಮಕ್ಕಳ ಹೊಟ್ಟೆಯ ಮೇಲೆ ಅಂಗಿ ತಾನಾಗಿ ಒದ್ದೆಯಾಗುತ್ತಿತ್ತು. ಹತ್ತನೆಯ ದಿನ ಮುದುಕರಿಗೆ ಆ ಹೆಸರು ನೆನಪಾಯಿತು. ಆ ಒಂಬತ್ತು ದಿನಗಳಲ್ಲಿ ನಾನು ಕಾಲೇಜಿನಲ್ಲಿ ಕಲಿತ ವಾದಗಳನ್ನೆಲ್ಲ ಬದಿಗಿಟ್ಟೆ.

ನಮ್ಮ ಮನೆಯ ಮಾತು, ಅಡ್ಡಗೋಡೆಯ ಮೇಲೆ ದೀಪ ಇಡುವುದು. ಹೌದೆಂದೂ ಹೇಳದೆ, ಇಲ್ಲವೆಂದೂ ಹೇಳದೆ ಮಾತನ್ನು ನಡುವೆ ನಿಲ್ಲಿಸುವವರನ್ನು ಎಲ್ಲ ಕಡೆಯೂ ಹಾಗೆನ್ನುತ್ತಾರೆ. ಅದು ಶುರುವಾದದ್ದು ನಮ್ಮ ಹಿತ್ತಿಲಲ್ಲಿ. ನಮ್ಮ ಮನೆಗೂ ಪಕ್ಕದ ಮನೆಗೂ ನಡುವೆ ಎದೆಯೆತ್ತರದ ಒಂದು ಮಣ್ಣಿನ ಗೋಡೆ ಇದೆ. ಪ್ಲೇಗು ಬಂದ ವರ್ಷ ಪಕ್ಕದ ಮನೆಯ ಚೆನ್ನವ್ವನ ಗಂಡ ತೀರಿಕೊಂಡ. ಆಕೆ ಕೂಸನ್ನು ಸೆರಗಿನಲ್ಲಿ ಸುತ್ತಿಕೊಂಡು ಗೋಡೆಯ ಬಳಿ ಬಂದು, ಒಬ್ಬಳೇ ಇರಲು ಹೆದರಿಕೆ, ನಿಮ್ಮ ಮನೆಗೆ ಬರಲೇ ಎಂದು ಕೇಳಿದಳು. ನಮ್ಮ ಮನೆಯ ತಿಮ್ಮಾಜಮ್ಮ ಆಕೆಯ ಗೆಳತಿ. ಬಾ ಎಂದರೆ ಬೇನೆ ಒಳಗೆ ಬರುತ್ತದೆ. ಬೇಡ ಎನ್ನಲು ನಾಲಿಗೆ ಏಳಲಿಲ್ಲ. ತಿಮ್ಮಾಜಮ್ಮ ಒಳಗೆ ಹೋಗಿ ದೀಪ ಹಚ್ಚಿ ತಂದು ಅಡ್ಡಗೋಡೆಯ ಮೇಲಿಟ್ಟು ಮುಂಬಾಗಿಲು ಹಾಕಿಕೊಂಡಳು. ಬೆಳಕು ಎರಡೂ ಕಡೆ ಬಿತ್ತು. ಚೆನ್ನವ್ವ ಅದನ್ನು ಕರೆ ಎಂದುಕೊಂಡು, ಬಾಗಿಲು ತೆರೆಯುವುದನ್ನು ಕಾಯುತ್ತ ಗೋಡೆಯ ಬುಡದಲ್ಲಿ ಕುಳಿತಳು. ಬೇಡ ಎಂದಿದ್ದರೆ ಆಕೆ ಹೊಳೆ ದಾಟಿ ತವರಿಗೆ ಹೋಗುತ್ತಿದ್ದಳು. ಅಂದು ದೋಣಿ ಇತ್ತು. ತಿಮ್ಮಾಜಮ್ಮ ಹಿತ್ತಿಲಲ್ಲಿ ಗೋಡೆಯ ಮರೆಯಿಂದ ಕೈ ಚಾಚಿ ಎಣ್ಣೆ ಹಾಕುತ್ತಲೇ ಇದ್ದಳು, ಬಾಗಿಲು ಮಾತ್ರ ತೆರೆಯಲಿಲ್ಲ. ಮೂರನೆಯ ದಿನ ನಡುಹಗಲಿಗೆ ಮನೆಯಲ್ಲಿ ಎಣ್ಣೆ ಮುಗಿಯಿತು. ದೀಪ ಆರಿತು. ಆಗ ಗೋಡೆಯಾಚೆ ಬಗ್ಗಿ ನೋಡಿದರೆ ಚೆನ್ನವ್ವ ಒರಗಿದಲ್ಲೇ ತಣ್ಣಗಾಗಿದ್ದಳು. ಕೂಸು ಬದುಕಿತ್ತು.

ಆ ಕೂಸಿನ ವಂಶದವಳೇ ಪಕ್ಕದ ಮನೆಯ ದೇವೀರಮ್ಮ. ನನಗಿಂತ ಎಂಟು ವರ್ಷಕ್ಕೆ ಚಿಕ್ಕವಳು. ನಲವತ್ತು ವರ್ಷ ನಾನು ಕಥೆ ಹೇಳಿದೆ, ಅವಳು "ಹೌದು" ಎಂದಳು. ಕಥೆಯ ದಿನ ಅವಳು ಬೆಳಿಗ್ಗೆಯೇ ಬಂದು ನನ್ನ ಅಂಗಳ ಗುಡಿಸಿ ಹೋಗುತ್ತಿದ್ದಳು. ನಮ್ಮ ಮನೆಯ ಮೇಲೆ ತನಗೆ ಸಿಟ್ಟಿಲ್ಲ ಎಂದು ಹೇಳುವ ಅವಳ ರೀತಿ ಅದು. ನಾನೂ ಅವಳೂ ಅದರ ಬಗ್ಗೆ ಒಮ್ಮೆಯೂ ಮಾತಾಡಿಲ್ಲ.

ಆರು ವರ್ಷದ ಹಿಂದೆ, ನಮ್ಮ ದಿನಕ್ಕೆ ಇಪ್ಪತ್ತು ದಿನ ಮೊದಲು, ದೇವೀರಮ್ಮನ ಒಬ್ಬಳೇ ಮಗಳು ನೀಲಾ ಜ್ವರದಲ್ಲಿ ಹೋಗಿಬಿಟ್ಟಳು. ನೀಲಾಳ ಒಂಬತ್ತು ವರ್ಷದ ಮಗಳು ಮಂದಾರ ಅಜ್ಜಿಯ ಮನೆಯಲ್ಲಿ ಉಳಿದಳು. ದೇವೀರಮ್ಮನ ಕಣ್ಣಿಗೆ ಆಗಲೇ ಪೊರೆ ಬಂದಿತ್ತು. ಹುಡುಗಿಯ ಜಡೆ ಹೆಣೆಯುವುದು, ಊಟಕ್ಕೆ ಕೂರಿಸುವುದು, ಮಗ್ಗಿ ಹೇಳಿಸುವುದು ಎಲ್ಲ ನಮ್ಮ ಮನೆಯಲ್ಲೇ. ಕಥೆಯ ದಿನ ಅಜ್ಜಿ ಮೊಮ್ಮಗಳು ಮುಂದಿನ ಚಾಪೆಯಲ್ಲಿ ಕುಳಿತಿದ್ದರು. ನಾನು ದೀಪ ಇಟ್ಟಲ್ಲಿಯವರೆಗೂ ಸರಿಯಾಗಿಯೇ ಹೇಳಿದೆ. ಆಗ ಮಂದಾರಳ ಮುಖ ಕಂಡಿತು. ಆ ಮಗು ಇಪ್ಪತ್ತು ದಿನಗಳಿಂದ ಯಾವುದಾದರೂ ಬಾಗಿಲು ತೆರೆದುಕೊಳ್ಳಲಿ ಎಂದು ಕಾಯುತ್ತಿರುವಂತೆ ನನ್ನ ಬಾಯನ್ನೇ ನೋಡುತ್ತಿತ್ತು. "ತಿಮ್ಮಾಜಮ್ಮ ಬಾಗಿಲು ತೆರೆದು ಚೆನ್ನವ್ವನನ್ನು ಒಳಗೆ ಕರೆದುಕೊಂಡಳು" ಎಂದುಬಿಟ್ಟೆ.

ಅಂಗಳದಲ್ಲಿ ಇದ್ದವರೆಲ್ಲರಿಗೂ ನಿಜ ಗೊತ್ತಿತ್ತು. ಆದರೂ ಯಾರೂ ಕೆಮ್ಮಲಿಲ್ಲ, ಯಾರೂ ತಲೆ ಎತ್ತಲಿಲ್ಲ. ದೇವೀರಮ್ಮ ಮೊಣಕಾಲಿಗೆ ಕೈ ಊರಿ ನಿಧಾನವಾಗಿ ಎದ್ದಳು. "ಹೌದು, ಹಾಗೇ ಆಯ್ತು" ಎಂದಳು. ಒಂದಕ್ಷರ ಹೆಚ್ಚು ಕಡಿಮೆಯಾದರೂ ತಡೆದು ಕೇಳುವುದು ರಾಚಪ್ಪನ ಕೆಲಸ. ಅವನು ಅಂಗೈಯಲ್ಲಿದ್ದ ಬೆಲ್ಲವನ್ನು ನೋಡುತ್ತ ಕುಳಿತ. ಹೋಗುವಾಗ ಹೆಂಗಸರು ಒಬ್ಬೊಬ್ಬರಾಗಿ ನನ್ನ ಕೈ ಒತ್ತಿ ಹೋದರು. ನಮ್ಮ ಊರಿನ ಜನ ಒಳ್ಳೆಯವರು. ಅಂದು ನಾವೆಲ್ಲ ಸೇರಿ ಒಂದು ಮಗುವಿಗೆ ಒಂದು ಬಾಗಿಲು ತೆರೆದೆವು ಎಂದುಕೊಂಡೆವು.

ಐದನೆಯ ದಿನ, ನೆತ್ತಿಯ ಮೇಲೆ ಸೂರ್ಯ ಇರುವಾಗ, ಮೇಲಿನ ಬೀದಿಯ ಮರುಳಯ್ಯನ ಹಿತ್ತಿಲ ಗೋಡೆಯ ಮೇಲೆ ಒಂದು ಮಣ್ಣಿನ ದೀಪ ಉರಿಯುತ್ತಿತ್ತು. ಮರುಳಯ್ಯ ಊರಿಗೆ ಟಪಾಲು ಹಂಚುತ್ತಿದ್ದವರು. ಎಲ್ಲರ ಮನೆಯ ನಾಯಿಯೂ ಅವರಿಗೆ ಬಾಲ ಅಲ್ಲಾಡಿಸುತ್ತಿತ್ತು. ಹಿಂದಿನ ದಿನ ಅವರು ತಮ್ಮನನ್ನು, ಕೊನೆಗಾಲದಲ್ಲಿ ಹುಟ್ಟಿದ ಮನೆಯಲ್ಲಿ ಇರಬೇಕೆನಿಸುತ್ತಿದೆ, ನಿನ್ನ ಭಾಗದ ಆ ಕೋಣೆಯಲ್ಲಿ ಇರಲೇ ಎಂದು ಕೇಳಿದ್ದರಂತೆ. ತಮ್ಮ, "ನೋಡೋಣ" ಎಂದನಂತೆ. ಈಗ ಅವರು ಗೋಡೆಯ ಕಡೆ ಮುಖ ಮಾಡಿ ಕಲ್ಲಿನ ಮೇಲೆ ಕುಳಿತಿದ್ದರು. ಎಬ್ಬಿಸಿದರೆ ಏಳಲಿಲ್ಲ. ನೀರು ಕೊಟ್ಟರೆ ತುಟಿ ತೆರೆಯಲಿಲ್ಲ. ದೀಪದ ಮೇಲೆ ನೀರು ಸುರಿದರು, ಉರಿಯಿತು. ಬಟ್ಟೆ ಮುಚ್ಚಿದರು, ಬಟ್ಟೆಯೊಳಗೆ ಉರಿಯಿತು. ಎಣ್ಣೆ ಹಾಕಿದರೆ ಹೊರಕ್ಕೆ ಚೆಲ್ಲಿ ಗೋಡೆಯ ಮೇಲೆ ಹರಿಯಿತು. ತಮ್ಮನು ಅಣ್ಣನ ಕಾಲ ಬಳಿ ಕುಳಿತು, ಬಾ ಅಣ್ಣ ಎನ್ನಲು ಬಾಯಿ ತೆರೆದರೆ ನೋಡೋಣ, ನೋಡೋಣ ಎಂದೇ ಹೊರಡುತ್ತಿತ್ತು; ಅವನು ತನ್ನ ಬಾಯಿಗೆ ತಾನೇ ಹೊಡೆದುಕೊಳ್ಳುತ್ತಿದ್ದ. ಮೂರನೆಯ ದಿನ ಮಧ್ಯಾಹ್ನ ಎಣ್ಣೆ ತಳಕಂಡು ದೀಪ ಆರಿತು. ಮರುಳಯ್ಯ ಕುಳಿತಂತೆಯೇ ಇದ್ದರು, ಕಣ್ಣು ತೆರೆದುಕೊಂಡು.

ಆಮೇಲೆ ಊರು ತನಗೆ ತಿಳಿದಂತೆ ಬದುಕಲು ಕಲಿಯಿತು. ಯಾರೂ ಯಾರನ್ನೂ ಏನನ್ನೂ ಕೇಳದಾದರು. ದರ್ಜಿ ಬಸಣ್ಣ ರವಿಕೆ ಯಾವಾಗ ಕೊಡುತ್ತಾನೆಂದು ಕೇಳುವ ಮೊದಲೇ, ಕೊಡಲ್ಲ, ಕೊಡಲ್ಲ ಎಂದು ಕೂಗುತ್ತಿದ್ದ. ಮದುವೆಯ ಮಾತುಕತೆಗಳು ನಿಂತವು. ತಾಯಂದಿರು ಶಾಲೆಗೆ ಹೋಗುವ ಮಕ್ಕಳಿಗೆ, ಮೇಷ್ಟ್ರನ್ನು ಏನೂ ಕೇಳ್ಬೇಡ ಎಂದು ಹೇಳಿ ಕಳಿಸುತ್ತಿದ್ದರು. ಕೆಲವರು ಗೋಡೆಗಳ ಮೇಲೆ ಗಾಜಿನ ಚೂರು ನೆಟ್ಟರು. ಕಣದ ಮನೆಯವರು ತಮ್ಮ ಅಡ್ಡಗೋಡೆಯನ್ನೇ ಕೆಡವಿದರು. ಎರಡು ದಿನಗಳಲ್ಲಿ ಆ ಮಣ್ಣಿನ ಗುಡ್ಡೆಯ ಮೇಲೆ ದೀಪ ಉರಿಯಿತು, ಅವರ ನಾದಿನಿ ಹೋದಳು. ಮಧ್ಯಾಹ್ನ ಹನ್ನೆರಡಾಗುತ್ತಲೇ ಜನ ಹಿತ್ತಿಲ ಬಾಗಿಲು ಹಾಕಿಕೊಳ್ಳುತ್ತಿದ್ದರು. ಹಗಲು ಬೆಳಕಿನಲ್ಲಿ ದೀಪದ ಜ್ವಾಲೆ ಸರಿಯಾಗಿ ಕಾಣುವುದಿಲ್ಲ. ಗಾಳಿ ಅಲ್ಲಿ ಸ್ವಲ್ಪ ಕಲಕಿದಂತೆ ಇರುತ್ತದೆ, ಅಷ್ಟೆ. ಹಾಗಾಗಿ ಬಿಸಿಲಿಗೆ ಗಾಳಿ ಕಲಕಿದರೂ ಜನ ತಮ್ಮ ಮನೆಯವರನ್ನು ಎಣಿಸಿಕೊಳ್ಳುತ್ತಿದ್ದರು.

ನನ್ನನ್ನು ಯಾರೂ ಬೈಯಲಿಲ್ಲ. ಬೈದಿದ್ದರೆ ಹಗುರಾಗುತ್ತಿತ್ತು. ಮರುಳಯ್ಯನ ತಮ್ಮನ ಹೆಂಡತಿ ಒಂದು ಲೋಟ ಮೊಸರು ತಂದುಕೊಟ್ಟು ಹೋದಳು. ಕಣದ ಮನೆಯವರು ಹೊಸ ಹುಣಸೆಹಣ್ಣು ಕಳಿಸಿದರು. ನೀವು ಮಾಡಿದ್ದು ನಮಗೆ ಗೊತ್ತು, ನಾವೂ ಕೂಡಿಯೇ ಮಾಡಿದ್ದು ಎಂದು ಆ ಮೊಸರೂ ಹುಣಸೆಹಣ್ಣೂ ಹೇಳುತ್ತಿದ್ದವು. ಕೊನೆಗೆ ರಾಚಪ್ಪ ಬಂದ. ಜಗುಲಿಯ ಅಂಚಿನಲ್ಲಿ ಕುಳಿತು, ಪ್ರಶ್ನೆಯಾಗದಂತೆ ಮಾತು ಜೋಡಿಸಿಕೊಂಡು ಹೇಳಿದ. "ಎರಡು ಮನೆಯೋರೂ ಒಪ್ಪಿದ್ರೆ ನಡು ವರ್ಷದಲ್ಲೂ ತಟ್ಟೆ ಬಡೀಬಹುದು, ತುಂಗಮ್ಮನೋರೆ. ನಮ್ಮಪ್ಪನ ಕಾಲದಲ್ಲಿ ಒಂದ್ಸಲ ಬಡ್ದಿದ್ರು."

ನಾನು ಗೋಡೆಯ ಬಳಿ ಹೋಗಿ ದೇವೀರಮ್ಮನನ್ನು ಕರೆದೆ. ಅವಳಿಗೆ ನಾನು ಯಾಕೆ ಬಂದೆನೆಂದು ಗೊತ್ತಿತ್ತು. ಪೊರೆ ಬಂದ ಕಣ್ಣುಗಳನ್ನು ನನ್ನ ದನಿಯ ಕಡೆ ತಿರುಗಿಸಿ, "ಚೆನ್ನವ್ವ ನೂರು ವರ್ಷ ಹೊರಗೇ ಕೂತಿದ್ಲು, ತುಂಗಕ್ಕ. ಒಂದು ವರ್ಷನಾದ್ರೂ ಒಳಗೆ ಇರ್ಲಿ" ಎಂದಳು. ನಾನು ಮನೆಗೆ ಬಂದು ರಾಚಪ್ಪನಿಗೆ, ಇನ್ನು ಸ್ವಲ್ಪ ದಿನ ಹೋಗಲಿ ಎಂದೆ. ಅವನು ತಟ್ಟೆಯನ್ನು ಕಂಕುಳಲ್ಲಿ ಇಟ್ಟುಕೊಂಡು ಹೊರಟುಹೋದ. ಅದಾದ ಮೇಲೆ ಇನ್ನೊಬ್ಬರು ಹೋದರು. ಅವರ ಹೆಸರನ್ನು ಬರೆಯಲು ನನ್ನ ಕೈ ಬರುವುದಿಲ್ಲ. ಕಥೆ ಹೇಳುವಾಗ ಬಾಯಲ್ಲಿ ಹೇಳುತ್ತೇನೆ.

ಚೈತ್ರದಲ್ಲಿ ಮಂದಾರಳ ಅಪ್ಪ ಶಿವಲಿಂಗು ಬಂದ. ಹೊಳೆಯಾಚೆ ದೂರದ ಊರಿನಲ್ಲಿ ಮರ ಕೊಯ್ಯುವ ಮಿಲ್ಲಿನಲ್ಲಿ ಕೆಲಸ, ಅಕ್ಕನ ಮನೆಯಲ್ಲಿ ವಾಸ. ಮಾತು ಕಡಿಮೆ. ಮಗಳಿಗೆಂದು ಮರದ ಹೊಟ್ಟಿನ ವಾಸನೆ ಬರುವ ಒಂದು ಪುಟ್ಟ ಪೆಟ್ಟಿಗೆ ತಾನೇ ಮಾಡಿ ತಂದಿದ್ದ. ಅದರೊಳಗೆ ಅವನ ಅಕ್ಕ ಕಳಿಸಿದ ರಿಬ್ಬನ್ನುಗಳಿದ್ದವು. ಗುರುವಾರ ಕರೆದುಕೊಂಡು ಹೋಗುತ್ತೇನೆ ಎಂದು ಹೇಳಿದ. ಕೇಳಲಿಲ್ಲ, ಹೇಳಿದ. ಊರಿನ ವಿಷಯ ಅವನಿಗೂ ಗೊತ್ತಾಗಿತ್ತು.

ಸೋಮವಾರ ಬೆಳಿಗ್ಗೆ ನಾನು ಮಂದಾರಳ ಜಡೆ ಹೆಣೆಯುತ್ತಿದ್ದೆ. ಅವಳು ನನ್ನ ಕಡೆ ತಿರುಗದೆ, ರಿಬ್ಬನ್ನನ್ನು ಬೆರಳಿಗೆ ಸುತ್ತಿಕೊಳ್ಳುತ್ತ, "ತುಂಗಜ್ಜಿ, ನಾನು ನಿಮ್ಮನೇಲೇ ಇರ್ಲಾ?" ಎಂದು ಕೇಳಿದಳು.

ಕೇಳಬಾರದೆಂದು ಅವಳಿಗೆ ಎಲ್ಲರೂ ಹೇಳಿದ್ದರು. ಕೇಳಿಬಿಟ್ಟಳು. ನನಗೆ ಉತ್ತರ ಗೊತ್ತಿತ್ತು. ಅವಳ ಅಪ್ಪನಿಗೆ ಅವಳು ಬೇಕಾಗಿದ್ದಳು; ಆ ಪೆಟ್ಟಿಗೆಯ ಮೂಲೆಗಳನ್ನು ಅವನು ಉಜ್ಜಿ ಉಜ್ಜಿ ನುಣುಪು ಮಾಡಿದ್ದನ್ನು ಕೈಯಾಡಿಸಿ ನೋಡಿದ್ದೆ. ನನಗೆ ಎಪ್ಪತ್ತನಾಲ್ಕು. ಇನ್ನೊಂದು ಸಾವನ್ನು ಅವಳು ಬೇಗ ನೋಡುವುದು ಬೇಡ. ಇಲ್ಲ ಮಗು, ಅಪ್ಪನ ಜೊತೆ ಹೋಗು ಎನ್ನಬೇಕಿತ್ತು. ಅವಳ ಕುತ್ತಿಗೆಯ ಹಿಂದೆ ಮೆತ್ತನೆಯ ಕೂದಲು ಬೆವರಿಗೆ ಅಂಟಿಕೊಂಡಿತ್ತು. ಇಷ್ಟೆಲ್ಲ ಕಂಡ ಮೇಲೂ ನಾನು, "ನೋಡೋಣ" ಎಂದೆ.

ನಡುಹಗಲಿಗೆ ನನ್ನ ಸೊಸೆ ವಾರಿಜ ಒಣಗಿದ ಬಟ್ಟೆ ತರಲು ಹಿತ್ತಿಲಿಗೆ ಹೋದವಳು ಬರಿಗೈಯಲ್ಲಿ ಬಂದು ಬಾಗಿಲ ಚೌಕಟ್ಟು ಹಿಡಿದು ನಿಂತಳು. "ಅತ್ತೆ" ಎಂದಳು, ಅಷ್ಟೆ. ನಮ್ಮ ಗೋಡೆಯ ಮೇಲೆ ಗಾಳಿ ಕಲಕುತ್ತಿತ್ತು. ಆಚೆ ಬದಿಯಲ್ಲಿ, ಗೋಡೆಯ ಬುಡದಲ್ಲಿ, ಮಂದಾರ ಮೊಣಕಾಲು ಮಡಚಿ ಕುಳಿತಿದ್ದಳು. ಒಂದು ಜಡೆಗೆ ರಿಬ್ಬನ್ನು ಕಟ್ಟಿತ್ತು, ಇನ್ನೊಂದಕ್ಕೆ ಇರಲಿಲ್ಲ. ನಾನು ಗೋಡೆ ಸುತ್ತಿ ಓಡಿ ಹೋಗಿ ಅವಳನ್ನು ಅಪ್ಪಿಕೊಂಡು, ಇಲ್ಲ ಎನ್ನಲು ಹೋದೆ. ನೋಡೋಣ ಎಂದು ನನ್ನ ಬಾಯಿ ಹೇಳಿತು. ಬಾ ಎನ್ನಲು ಹೋದೆ. ನೋಡೋಣ ಎಂದಿತು.

ಶಿವಲಿಂಗು ಮಗಳನ್ನು ಎತ್ತಲು ನೋಡಿದ. ಮರದ ದಿಮ್ಮಿ ಎತ್ತುವ ಆ ತೋಳುಗಳಿಗೆ ಒಂಬತ್ತು ವರ್ಷದ ಹುಡುಗಿ ಏಳಲಿಲ್ಲ. ಅವನು ತನ್ನ ಟವೆಲ್ಲನ್ನು ಬಿಚ್ಚಿ ಅವಳ ತಲೆಯ ಮೇಲೆ ನೆರಳಿಗೆ ಹಿಡಿದು ನಿಂತ. ಆ ಎರಡು ದಿನವೂ, ಬಿಸಿಲಿರುವಷ್ಟು ಹೊತ್ತು, ಹಾಗೆಯೇ ನಿಂತಿದ್ದ. ನನ್ನ ಕಡೆ ಒಮ್ಮೆಯೂ ಕೆಟ್ಟದಾಗಿ ನೋಡಲಿಲ್ಲ.

ದೇವೀರಮ್ಮ ಒಳಗೆ ಕುಳಿತುಬಿಟ್ಟಿದ್ದಳು. ಮಂಗಳವಾರ ಅವಳ ಬಳಿ ಹೋಗಿ, ರಾಚಪ್ಪನಿಗೆ ತಟ್ಟೆ ಬಡಿಯಲು ಹೇಳೋಣ ಎಂದೆ. ಅವಳು ಮುಖ ಆಚೆ ತಿರುಗಿಸಿದಳು. ಚೆನ್ನವ್ವನನ್ನು ಮತ್ತೆ ಹೊರಗೆ ಕಳಿಸಿದರೆ ನೀಲಾಳೂ ಮತ್ತೊಮ್ಮೆ ಹೋದ ಹಾಗೆ ಎಂಬ ಭಾವನೆ ಅವಳಲ್ಲಿ ಎಲ್ಲೋ ಕೂತಿತ್ತು ಎಂದು ನನಗನಿಸುತ್ತದೆ. ಬುಧವಾರ ಬೆಳಿಗ್ಗೆ ಮತ್ತೆ ಹೋದೆ. ಅವಳ ಕೈ ಹಿಡಿದು ಹಿತ್ತಿಲಿಗೆ ಕರೆತಂದು, ಮಂದಾರಳ ಪಾದದ ಮೇಲೆ ಆ ಕೈಯಿಟ್ಟೆ. ಮಗುವಿನ ಪಾದ ತಣ್ಣಗಾಗತೊಡಗಿತ್ತು. ದೇವೀರಮ್ಮ ಬಹಳ ಹೊತ್ತು ಆ ಪಾದವನ್ನು ತಿಕ್ಕಿದಳು. ಆಮೇಲೆ, "ರಾಚಪ್ಪಂಗೆ ಹೇಳು" ಎಂದಳು.

ತಟ್ಟೆಯ ಸದ್ದು ಕೇಳಿ ಊರು ಊರೇ ಬಂತು. ಒಲೆಯ ಮೇಲಿನ ಅನ್ನ ಇಳಿಸಿ ಬಂದವರಿದ್ದರು. ಅಂಗಳದ ಬದಲು ಹಿತ್ತಿಲಲ್ಲಿ, ಗೋಡೆಯ ಎರಡೂ ಕಡೆ ನಿಂತರು. ದೀಪದಲ್ಲಿ ಎಣ್ಣೆ ಬತ್ತಿಯ ಬುಡಕ್ಕೆ ಇಳಿದಿತ್ತು. ನಾನು ಪ್ಲೇಗಿನ ವರ್ಷದಿಂದ ಶುರು ಮಾಡಿದೆ. ಅವಸರ ಮಾಡಲು ಹೆದರಿಕೆ, ನಿಧಾನಿಸಲು ಹೆದರಿಕೆ. ತಿಮ್ಮಾಜಮ್ಮ ಬಾಗಿಲು ಹಾಕಿಕೊಂಡಳು ಎಂದೆ. ದೋಣಿ ಇತ್ತು ಎಂದೆ. ಮರೆಯಿಂದ ಎಣ್ಣೆ ಹಾಕಿದಳು ಎಂದೆ. ಚೆನ್ನವ್ವ ತಣ್ಣಗಾದಳು ಎಂದೆ. ಅಲ್ಲಿಗೆ ಕಥೆ ಮುಗಿಯಬೇಕು. ಜ್ವಾಲೆ ಅಲುಗಲಿಲ್ಲ. ಹುಡುಗಿಯ ತುಟಿ ನೀಲಿಯಾಗಿತ್ತು. ರಾಚಪ್ಪ ನನ್ನನ್ನೇ ನೋಡುತ್ತ, ಬಹಳ ಮೆಲ್ಲಗೆ, "ಪೂರ್ತಿ ಹೇಳಿ ಅಮ್ಮ" ಎಂದ.

ಆಗ ನನಗೆ ಅರ್ಥವಾಯಿತು. "ನೂರು ವರ್ಷ ಆದ ಮೇಲೆ ಅದೇ ಮನೆಯ ತುಂಗಮ್ಮ ಇದನ್ನು ಚೆಂದ ಮಾಡಿ ಹೇಳಿದಳು. ಮಗುವಿನ ಮೇಲಿನ ಮರುಕಕ್ಕೆ ಹೇಳಿದೆ ಎಂದುಕೊಂಡಳು. ತನ್ನ ಮನೆಯ ನಾಚಿಕೆ ಮುಚ್ಚಲಿಕ್ಕೂ ಹೇಳಿದಳು. ಮೂರು ಜನ ಹೋದರು" ಎಂದು ಮೂವರ ಹೆಸರನ್ನೂ ಹೇಳಿದೆ. "ಆಮೇಲೆ ಮಂದಾರ ಎಂಬ ಹುಡುಗಿ ಬರಲೇ ಎಂದು ಕೇಳಿದಳು. ತುಂಗಮ್ಮನಿಗೆ ಉತ್ತರ ಗೊತ್ತಿತ್ತು. ಹೇಳಲಿಲ್ಲ. ಗೋಡೆಯ ಮೇಲೆ ದೀಪ ಇಟ್ಟಳು."

ದೇವೀರಮ್ಮ ಗೋಡೆ ಹಿಡಿದುಕೊಂಡು ಎದ್ದು ನಿಂತಳು. "ಹೌದು" ಎಂದಳು. ಆಮೇಲೆ, "ಹಾಗೇ ಆಯ್ತು" ಎಂದಳು. ದೀಪ ಆರಿತು. ತಳದಲ್ಲಿ ಒಂದು ಹನಿ ಎಣ್ಣೆ ಉಳಿದಿತ್ತು. ಅದನ್ನು ನಾನೇ ಕಣ್ಣಾರೆ ನೋಡಿದೆ.

ಮಂದಾರ ನಿದ್ದೆಯಿಂದ ಎದ್ದವಳಂತೆ ಕಣ್ಣು ಪಿಳುಕಿಸಿ, ಸುತ್ತ ನಿಂತ ಜನರನ್ನು ನೋಡಿ, ಕೊನೆಗೆ ನನ್ನನ್ನು ನೋಡಿದಳು. ಅವಳ ಪ್ರಶ್ನೆ ಇನ್ನೂ ಅಲ್ಲೇ ಇತ್ತು. ನಾನು ಅವಳ ಎದುರು ನೆಲದ ಮೇಲೆ ಕುಳಿತೆ. "ಇಲ್ಲ ಮಗು. ನಮ್ಮನೇಲಿ ಇರೋದು ಬೇಡ. ಅಪ್ಪನ ಜೊತೆ ಹೋಗು" ಎಂದೆ.

ಅವಳ ಮುಖ ಕುಗ್ಗಿತು. ಅಳುತ್ತಾಳೆ ಎಂದುಕೊಂಡೆ. "ಇಷ್ಟು ಹೇಳೋಕೆ ಎರಡು ದಿನ ಬೇಕಾಯ್ತಾ ಅಜ್ಜಿ?" ಎಂದಳು. ಆಮೇಲೆ ಅತ್ತಳು. ಅಪ್ಪನ ಟವೆಲ್ಲಿನಲ್ಲಿ ಮುಖ ಒರೆಸಿಕೊಂಡು, ವಾರಿಜ ತಂದ ಮಜ್ಜಿಗೆ ಅನ್ನ ಎರಡು ಸಲ ಹಾಕಿಸಿಕೊಂಡು ಉಂಡಳು. ಗುರುವಾರ ಹೋದಳು.

ಅಂದಿನಿಂದ ನಮ್ಮ ಮನೆಯ ಮೂಲ ಉದ್ದವಾಗಿದೆ. ಅದರಲ್ಲಿ ಈಗ ನನ್ನ ಹೆಸರೂ ಇದೆ. ಪ್ರತಿ ವರ್ಷ ನನ್ನ ಬಾಯಿಂದಲೇ ಅದನ್ನು ಹೇಳುತ್ತೇನೆ. ವಾರಿಜಳಿಗೂ ಕಲಿಸಿದ್ದೇನೆ, ಅವಳು ನನ್ನ ಹೆಸರು ಬರುವಲ್ಲಿ ದನಿ ತಗ್ಗಿಸಿದಾಗ ಮತ್ತೆ ಹೇಳಿಸಿದೆ.

ಕಳೆದ ಮಳೆಗಾಲದಲ್ಲಿ ದೇವೀರಮ್ಮ ತೀರಿಕೊಂಡಳು. ಹೌದು ಎನ್ನಲು ಆ ಮನೆಯಲ್ಲಿ ಉಳಿದವಳು ಮಂದಾರ ಒಬ್ಬಳೇ. ಈ ವರ್ಷ ನಮ್ಮ ದಿನಕ್ಕೆ ಬಂದಳು. ಹದಿನೈದು ವರ್ಷ, ಅಪ್ಪನಷ್ಟೇ ಎತ್ತರ. ಬೆಳಿಗ್ಗೆ ನಾನು ಏಳುವ ಹೊತ್ತಿಗೆ ನನ್ನ ಅಂಗಳ ಗುಡಿಸಿಯಾಗಿತ್ತು. ಅದನ್ನು ಕಂಡು ನನಗೆ ಭಯವಾಯಿತು. ಈ ಹುಡುಗಿಗೆ ನನ್ನ ಮೇಲೆ ಪ್ರೀತಿ ಇದೆ. ನನಗೀಗ ಎಂಬತ್ತು. ಕೊನೆಯಲ್ಲಿ ಮುದುಕಿಗೆ ನೋವಾಗದಿರಲಿ ಎಂದು ಒಂದೇ ಒಂದು ಮಾತನ್ನು ಅವಳು ಮೆತ್ತಗೆ ಮಾಡಿಬಿಟ್ಟರೆ ಸಾಕು, ಅದು ಮತ್ತೆ ಬರುತ್ತದೆ. ಕಥೆ ಹೇಳುವಷ್ಟು ಹೊತ್ತೂ ನನ್ನ ಕಣ್ಣು ಗೋಡೆಯ ಮೇಲೆಯೇ ಇತ್ತು.

ನಾನು ಮುಗಿಸಿದೆ. ಮಂದಾರ ಎದ್ದು ನಿಂತಳು. ರಾಚಪ್ಪ ತಟ್ಟೆಯನ್ನು ಎದೆಗೆ ಒತ್ತಿ ಹಿಡಿದಿದ್ದ. ಅವಳು ನನ್ನ ಕಣ್ಣಲ್ಲಿ ಕಣ್ಣಿಟ್ಟು ನೋಡಿದಳು. "ಹೌದು" ಎಂದಳು. "ತುಂಗಜ್ಜಿ ದೀಪ ಇಟ್ರು. ನಾನು ಕಾದೆ. ಹಾಗೇ ಆಯ್ತು."

ಗೋಡೆಯ ಮೇಲೆ ಬರೀ ಬಿಸಿಲಿತ್ತು. ಅವಳು ಬಂದು ನನ್ನ ಪಕ್ಕದಲ್ಲಿ ಕುಳಿತು, ಬೆಲ್ಲದ ತುಂಡನ್ನು ಹಲ್ಲಿಲ್ಲದ ನನಗೆಂದು ಪುಡಿ ಮಾಡಿ ಅಂಗೈಗೆ ಹಾಕಿದಳು.